ಕಾಮಗಾರಿಗಾಗಿ ಸರ್ಕಾರಿ ಜಮೀನು ಬಳಸುವಾಗ: ಗುತ್ತಿಗೆದಾರರಿಗೊಂದು ಕಾನೂನು ಮಾರ್ಗದರ್ಶಿ

ಸರ್ಕಾರಿ ಕಾಮಗಾರಿಯ ಟೆಂಡರ್ ಹಿಡಿದ ಗುತ್ತಿಗೆದಾರರಲ್ಲಿ ಬಹಳಷ್ಟು ಮಂದಿ, ಕೆಲಸ ಸರ್ಕಾರದ್ದು, ಜಮೀನೂ ಸರ್ಕಾರದ್ದು, ಹಾಗಿರುವಾಗ ಕಾರ್ಯಪಾಲಕ ಎಂಜಿನಿಯರ್ ಒಪ್ಪಿದರೆ ಸಾಕು ಎಂದುಕೊಂಡೇ ಸೈಟಿಗೆ ಇಳಿಯುತ್ತಾರೆ. ಕಾನೂನು ಹಾಗೆ ನೋಡುವುದಿಲ್ಲ. ರಸ್ತೆ ಮಾಡಿಸುವುದು ಲೋಕೋಪಯೋಗಿ ಇಲಾಖೆಯಾದರೆ ಅದರ ಪಕ್ಕದ ಗೋಮಾಳ ಕಂದಾಯ ಇಲಾಖೆಯ ಸುಪರ್ದಿನಲ್ಲಿರುತ್ತದೆ, ಕೆರೆ ಅಂಗಳ ಸಣ್ಣ ನೀರಾವರಿ ಇಲಾಖೆಯದೋ ಪಂಚಾಯಿತಿಯದೋ ಆಗಿರುತ್ತದೆ, ಅದರಾಚೆಯ ಕುರುಚಲು ಅರಣ್ಯ ಇಲಾಖೆಯದಾಗಿರುತ್ತದೆ. ಕೆಲಸ ಕೊಟ್ಟವರಿಗೆ ಜಮೀನು ಕೊಡುವ ಅಧಿಕಾರ ಇರಲೇಬೇಕೆಂದಿಲ್ಲ. ಹೀಗಾಗಿ ಒಂದೇ ಜಾಗದ ಬಗ್ಗೆ ಎರಡು ಬೇರೆ ಬೇರೆ ವ್ಯಾಜ್ಯಗಳು ಹುಟ್ಟಬಹುದು. ಒಂದು, ಕೆಲಸ ಕೊಟ್ಟ ಇಲಾಖೆಯೊಡನೆ ಕರಾರಿಗೆ ಸಂಬಂಧಿಸಿದ್ದು. ಇನ್ನೊಂದು, ಜಮೀನಿನ ಒಡೆತನದ ಇಲಾಖೆಯೊಡನೆ ಶಾಸನಕ್ಕೆ ಸಂಬಂಧಿಸಿದ್ದು. ಇವೆರಡರ ವೇದಿಕೆ, ಗಡುವು, ಪುರಾವೆ ಎಲ್ಲವೂ ಬೇರೆ. ಇವನ್ನು ಬೆರೆಸಿಕೊಂಡು ಹೋರಾಡುವ ಗುತ್ತಿಗೆದಾರರು ಎರಡೂ ಕಡೆ ಕೈ ಸುಟ್ಟುಕೊಳ್ಳುತ್ತಾರೆ. ಮುಂದೆ ಹೇಳಿರುವುದೆಲ್ಲ ಮುಖ್ಯವಾಗಿ ಕರ್ನಾಟಕದಲ್ಲಿ ನಡೆಯುವ ಕಾಮಗಾರಿಗಳಿಗೆ ಅನ್ವಯಿಸುತ್ತದೆ.

ಯಂತ್ರ ಇಳಿಸುವ ಮುನ್ನ ಜಮೀನಿನ ಗುರುತು

ಟೆಂಡರ್ ದಾಖಲೆಯಲ್ಲಿ ‘ಸೈಟ್’ ಎಂದು ತೋರಿಸಿರುವ ಜಾಗವೇ ಬೇರೆ, ನೀವು ನಿಜವಾಗಿ ಬಳಸುವ ಜಾಗವೇ ಬೇರೆ. ಸೇತುವೆಯ ಸೈಟ್ ಎಂದರೆ ಸೇತುವೆ ಏಳುವ ಜಾಗ. ಜಲ್ಲಿ ರಾಶಿ, ಕಬ್ಬಿಣ ಕಟ್ಟುವ ಅಂಗಳ, ಬ್ಯಾಚಿಂಗ್ ಪ್ಲಾಂಟ್ (ಕಾಂಕ್ರೀಟ್ ಮಿಶ್ರಣ ಘಟಕ), ಕಾರ್ಮಿಕರ ಶೆಡ್‌ಗಳು ನಿಲ್ಲುವ ಎರಡು ಮೂರು ಎಕರೆ ಆ ಗೆರೆಯೊಳಗೆ ಬರುವುದು ಅಪರೂಪ. ಆದ್ದರಿಂದ ಮೊದಲ ಕೆಲಸವೆಂದರೆ, ನೀವು ಬಳಸಲಿರುವ ಪ್ರತಿಯೊಂದು ತುಂಡಿನ ಸರ್ವೆ ನಂಬರ್ ಪತ್ತೆ ಹಚ್ಚುವುದು. ಕಂದಾಯ ಇಲಾಖೆಯ ದಿಶಾಂಕ್ ಆ್ಯಪ್ ನಿಂತ ಜಾಗದ ಸರ್ವೆ ನಂಬರ್ ತೋರಿಸುತ್ತದೆ. ಅಂದಾಜಿಗೆ ಅದು ಸಾಕು, ಆದರೆ ಗಡಿಯ ಪುರಾವೆಯಾಗಿ ಅದನ್ನು ನೆಚ್ಚಿಕೊಳ್ಳಬಾರದು. ಆ ನಂಬರಿನ ಪಹಣಿ (ಆರ್‌ಟಿಸಿ), ಗ್ರಾಮ ನಕ್ಷೆ, ಆಕಾರಬಂದ್ (ವಿಸ್ತೀರ್ಣ, ಕಂದಾಯ ತೋರಿಸುವ ಸರ್ವೆ ದಾಖಲೆ) ಮತ್ತು ಟಿಪ್ಪಣಿಯ (ಅಳತೆಯ ನಕ್ಷೆ) ಪ್ರತಿಗಳನ್ನು ಪಡೆದು ಒಂದರೊಡನೊಂದು ಹೋಲಿಸಿ ನೋಡಬೇಕು.

ಪಹಣಿಯ 9ನೇ ಕಾಲಂನಲ್ಲಿ ‘ಸರ್ಕಾರಿ ಗೋಮಾಳ’ ಎಂದಿದ್ದರೆ ಸಂಗತಿ ಸ್ಪಷ್ಟ. ಖಾಸಗಿ ಹೆಸರಿದ್ದಾಗ ಮಾತ್ರ ಎಚ್ಚರಿಕೆ ಇನ್ನಷ್ಟು ಬೇಕು. ಏಕೆಂದರೆ ಅದೇ ನಂಬರಿನ ವಿಸ್ತೀರ್ಣದಲ್ಲಿ ‘ಬಿ’ ಖರಾಬು ಸೇರಿರಬಹುದು. ‘ಎ’ ಖರಾಬು ಎಂದರೆ ಹಿಡುವಳಿಯೊಳಗೇ ಇರುವ, ಸಾಗುವಳಿಗೆ ಬಾರದ ನೆಲ. ‘ಬಿ’ ಖರಾಬು ಎಂದರೆ ದಾರಿ, ಹಳ್ಳ, ಸ್ಮಶಾನದಂತಹ ಸಾರ್ವಜನಿಕ ಉಪಯೋಗಕ್ಕೆ ಮೀಸಲಾದದ್ದು. ರೈತನೊಬ್ಬನಿಂದ ಬಾಡಿಗೆಗೆ ಪಡೆದ ಹೊಲವೆಂದು ನಂಬಿ ಪ್ಲಾಂಟ್ ಹೂಡಿ, ಅದರ ಅರ್ಧ ಭಾಗ ‘ಬಿ’ ಖರಾಬಿನ ಹಳ್ಳದ ಮೇಲೆ ನಿಂತಿದೆ ಎಂದು ಆಮೇಲೆ ತಿಳಿದರೆ, ರೈತನೊಡನೆ ಮಾಡಿಕೊಂಡ ಬಾಡಿಗೆ ಪತ್ರ ಸರ್ಕಾರದ ಎದುರು ಯಾವ ರಕ್ಷಣೆಯನ್ನೂ ಕೊಡುವುದಿಲ್ಲ.

ಅರಣ್ಯದ ವಿಷಯ ಇನ್ನೂ ಸೂಕ್ಷ್ಮ. 2023ರಲ್ಲಿ ಹೆಸರು ಬದಲಾದ 1980ರ ಅರಣ್ಯ ಸಂರಕ್ಷಣಾ ಕಾಯ್ದೆಯ 2ನೇ ಕಲಮಿನ ಪ್ರಕಾರ ಅರಣ್ಯ ಭೂಮಿಯನ್ನು ಅರಣ್ಯೇತರ ಉದ್ದೇಶಕ್ಕೆ ಬಳಸಲು ಕೇಂದ್ರ ಸರ್ಕಾರದ ಪೂರ್ವಾನುಮತಿ ಬೇಕು. ಗೋದಾವರ್ಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1996ರ ಡಿಸೆಂಬರ್ 12ರಂದು ನೀಡಿದ ಆದೇಶದ ನಂತರ, ‘ಅರಣ್ಯ’ ಎಂಬುದು ಅಧಿಸೂಚಿತ ಕಾಡಿಗಷ್ಟೇ ಸೀಮಿತವಾಗಿ ಉಳಿದಿಲ್ಲ. ಕಂದಾಯ ದಾಖಲೆಯಲ್ಲಿ ಬೇರೇನೋ ಇದ್ದು ಪರಿಭಾವಿತ ಅರಣ್ಯದ (ಅಧಿಸೂಚನೆ ಇಲ್ಲದಿದ್ದರೂ ಅರಣ್ಯವೆಂದು ಪರಿಗಣಿಸುವ ಜಾಗದ) ಪಟ್ಟಿಯಲ್ಲಿ ಸೇರಿರುವ ಸರ್ವೆ ನಂಬರ್‌ಗಳು ರಾಜ್ಯದಲ್ಲಿ ಬೇಕಾದಷ್ಟಿವೆ. ಜಾಗದಲ್ಲಿ ಮರಗಳಿದ್ದರೆ ವಲಯ ಅರಣ್ಯಾಧಿಕಾರಿಯ ಕಚೇರಿಗೊಂದು ಲಿಖಿತ ಪತ್ರ ಬರೆದು ಉತ್ತರ ಪಡೆದುಕೊಳ್ಳದೆ ಮುಂದುವರಿಯಬಾರದು.

ಅನುಮತಿ ಯಾರಿಂದ, ಯಾವ ರೂಪದಲ್ಲಿ

ಬಾಯಿಮಾತಿನ ಅನುಮತಿಗೆ ಬೆಲೆಯಿಲ್ಲ ಎಂಬುದು ಎಲ್ಲರಿಗೂ ಗೊತ್ತಿದೆ. ಆದರೂ ಸೈಟುಗಳು ನಡೆಯುವುದು ಬಾಯಿಮಾತಿನ ಮೇಲೆಯೇ. ಸಂವಿಧಾನದ 299ನೇ ವಿಧಿಯ ಪ್ರಕಾರ ಸರ್ಕಾರದ ಕರಾರುಗಳು ರಾಜ್ಯಪಾಲರ ಅಥವಾ ರಾಷ್ಟ್ರಪತಿಯವರ ಹೆಸರಿನಲ್ಲಿ, ಅಧಿಕಾರ ಪಡೆದ ವ್ಯಕ್ತಿಯಿಂದ, ನಿಗದಿತ ರೀತಿಯಲ್ಲೇ ಆಗಬೇಕು. ಗ್ರಾಮ ಆಡಳಿತ ಅಧಿಕಾರಿ ‘ಹಾಕಿಕೊಳ್ಳಿ ಬಿಡಿ’ ಎಂದದ್ದಾಗಲಿ, ಪಂಚಾಯಿತಿ ಅಧ್ಯಕ್ಷರು ಲೆಟರ್‌ಹೆಡ್ಡಿನಲ್ಲಿ ಬರೆದುಕೊಟ್ಟ ಎರಡು ಸಾಲಾಗಲಿ ಸರ್ಕಾರವನ್ನು ಕಟ್ಟಿಹಾಕುವುದಿಲ್ಲ. ಗೋಮಾಳದಂತೆ ವಿಶೇಷ ಉದ್ದೇಶಕ್ಕೆ ಕಾಯ್ದಿರಿಸಿದ ಜಮೀನನ್ನು ಜಿಲ್ಲಾಧಿಕಾರಿಯ ಮಂಜೂರಾತಿಯಿಲ್ಲದೆ ಬೇರೆ ಉದ್ದೇಶಕ್ಕೆ ಬಳಸಕೂಡದೆಂದು ಕರ್ನಾಟಕ ಭೂ ಕಂದಾಯ ಕಾಯ್ದೆ, 1964ರ 71ನೇ ಕಲಂ ಹೇಳುತ್ತದೆ. ತಹಶೀಲ್ದಾರರು ವರದಿ ಕಳಿಸಬಹುದು, ಶಿಫಾರಸು ಮಾಡಬಹುದು. ಮಂಜೂರಾತಿಯ ಆದೇಶ ಜಿಲ್ಲಾಧಿಕಾರಿಯ ಕಚೇರಿಯಿಂದಲೇ ಬರಬೇಕು.

ಅರ್ಜಿಯನ್ನು ನೀವೇ ಹಾಕುವುದಕ್ಕಿಂತ, ಕೆಲಸ ಕೊಟ್ಟ ಇಲಾಖೆಯ ಕಾರ್ಯಪಾಲಕ ಎಂಜಿನಿಯರ್ ಮೂಲಕ ಹಾಕಿಸುವುದು ಒಳ್ಳೆಯದೆಂದು ನನ್ನ ಅಭಿಪ್ರಾಯ. ಇಲಾಖೆಯಿಂದ ಇಲಾಖೆಗೆ ಹೋಗುವ ಕಡತ ಬೇಗ ಕದಲುತ್ತದೆ ಎಂಬುದು ಒಂದು ಕಾರಣ. ಅದಕ್ಕಿಂತ ಮುಖ್ಯವಾದದ್ದು, ಆ ಜಾಗ ಕಾಮಗಾರಿಗೆ ಅವಶ್ಯಕವೆಂದು ಕೆಲಸ ಕೊಟ್ಟ ಇಲಾಖೆಯೇ ಒಪ್ಪಿದ ದಾಖಲೆ ಆಗ ಉಳಿಯುತ್ತದೆ; ಮುಂದೆ ಅನುಮತಿ ತಡವಾಗಿ ಬಂತೆಂದು ಅವಧಿ ವಿಸ್ತರಣೆ ಕೇಳುವಾಗ ಈ ದಾಖಲೆಯೇ ನೆರವಿಗೆ ಬರುತ್ತದೆ.

ಹೀಗೆ ದೊರೆಯುವ ಅನುಮತಿ ಸಾಮಾನ್ಯವಾಗಿ ಗೇಣಿಯಲ್ಲ, ಕೇವಲ ಪರವಾನಗಿ. ಅಂದರೆ ಜಮೀನಿನಲ್ಲಿ ನಿಮಗೆ ಯಾವ ಹಿತಾಸಕ್ತಿಯೂ ಹುಟ್ಟುವುದಿಲ್ಲ, ಅನುಮತಿ ಇರುವವರೆಗೆ ಅಲ್ಲಿ ಇರುವುದು ಅಪರಾಧವಾಗುವುದಿಲ್ಲ, ಅಷ್ಟೇ. ಶೀರ್ಷಿಕೆಯಲ್ಲಿ ‘ಲೀಸ್’ ಎಂದು ಬರೆದ ಮಾತ್ರಕ್ಕೆ ಅದು ಗೇಣಿಯಾಗದು, ಒಪ್ಪಂದದ ತಿರುಳನ್ನು ನೋಡಬೇಕು ಎಂದು ಸುಪ್ರೀಂ ಕೋರ್ಟ್ 1959ರಲ್ಲಿಯೇ ಅಸೋಸಿಯೇಟೆಡ್ ಹೋಟೆಲ್ಸ್ ಪ್ರಕರಣದಲ್ಲಿ ಹೇಳಿದೆ. ಭಾರತೀಯ ಸುಖಾನುಭೋಗ ಕಾಯ್ದೆ, 1882ರ 60ನೇ ಕಲಮಿನಂತೆ ಪರವಾನಗಿಯನ್ನು ಕೊಟ್ಟವರು ಹಿಂಪಡೆಯಬಹುದು. ಆದರೆ ಹಿಂಪಡೆದಾಗ ಸಾಮಾನು ಸಾಗಿಸಿಕೊಂಡು ಹೊರಡಲು ಸಮಂಜಸವಾದ ಕಾಲಾವಕಾಶ ಕೊಡಬೇಕೆಂದು 63ನೇ ಕಲಂ ಹೇಳುತ್ತದೆ. ಹಣ ಕೊಟ್ಟು ಪಡೆದ ಪರವಾನಗಿಯ ಅವಧಿ ಮುಗಿಯುವ ಮುನ್ನ, ನಿಮ್ಮ ತಪ್ಪಿಲ್ಲದೆ ಹೊರಹಾಕಿದರೆ ಪರಿಹಾರ ಕೇಳುವ ಹಕ್ಕನ್ನು 64ನೇ ಕಲಂ ಕೊಡುತ್ತದೆ. ಬ್ಯಾಚಿಂಗ್ ಪ್ಲಾಂಟಿನ ಅಡಿಪಾಯ ಬಿಚ್ಚಿ ಸಾಗಿಸಲು ವಾರಗಟ್ಟಲೆ ಬೇಕು. ಆದ್ದರಿಂದ ಈ ಕಾಲಾವಕಾಶವನ್ನು ಅನುಮತಿ ಪತ್ರದಲ್ಲೇ ದಿನಗಳ ಲೆಕ್ಕದಲ್ಲಿ ಬರೆಸಿಕೊಳ್ಳಬೇಕು.

ಅನುಮತಿಯ ಒಕ್ಕಣೆ ಹೇಗಿರಬೇಕೆಂಬುದಕ್ಕೆ ಒಂದು ಮಾದರಿಯನ್ನು ನೋಡಬಹುದು: “ಸದರಿ ಸರ್ವೆ ನಂಬರಿನ ಗೋಮಾಳದಲ್ಲಿ, ಲಗತ್ತಿಸಿದ ನಕ್ಷೆಯಲ್ಲಿ ಎ, ಬಿ, ಸಿ, ಡಿ ಎಂದು ಕೆಂಪು ಗೆರೆಯಿಂದ ಗುರುತಿಸಿರುವ 1 ಎಕರೆ 20 ಗುಂಟೆ ಜಾಗವನ್ನು, ಮೇಲ್ಕಂಡ ಕಾಮಗಾರಿಯ ಕಾಂಕ್ರೀಟ್ ಮಿಶ್ರಣ ಘಟಕ ಮತ್ತು ಕಾರ್ಮಿಕರ ತಾತ್ಕಾಲಿಕ ವಸತಿಯ ಉದ್ದೇಶಕ್ಕೆ ಮಾತ್ರ, ಈ ಆದೇಶದ ದಿನಾಂಕದಿಂದ ಕಾಮಗಾರಿ ಪೂರ್ಣಗೊಂಡ ನಂತರದ 60ನೇ ದಿನದವರೆಗೆ ಬಳಸಲು ಅನುಮತಿಸಿದೆ. ಕಾಮಗಾರಿಯ ಅವಧಿ ವಿಸ್ತರಣೆಯಾದಲ್ಲಿ ಈ ಅನುಮತಿಯೂ ಅಷ್ಟೇ ಅವಧಿಗೆ ವಿಸ್ತರಣೆಯಾದಂತೆ ಪರಿಗಣಿಸತಕ್ಕದ್ದು.”

ಈ ಕೊನೆಯ ವಾಕ್ಯವನ್ನು ಬಿಟ್ಟುಬಿಡುವವರೇ ಹೆಚ್ಚು. 18 ತಿಂಗಳ ಕಾಮಗಾರಿ 30 ತಿಂಗಳಿಗೆ ಎಳೆದಾಗ ಲೋಕೋಪಯೋಗಿ ಇಲಾಖೆ ಅವಧಿ ವಿಸ್ತರಿಸಿರುತ್ತದೆ. ಕಂದಾಯ ಇಲಾಖೆಯ ಅನುಮತಿ ಮಾತ್ರ 18ನೇ ತಿಂಗಳಿಗೇ ಮುಗಿದಿರುತ್ತದೆ. ಅನುಮತಿಯ ಅವಧಿ ಮುಗಿದ ಮೇಲೂ ಮುಂದುವರಿಯುವುದು ಅನಧಿಕೃತ ಅಧಿಭೋಗವೆಂದೇ, ಅಂದರೆ ಹಕ್ಕಿಲ್ಲದೆ ಜಾಗ ಹಿಡಿದಿರುವುದೆಂದೇ, ಕಾನೂನು ಪರಿಗಣಿಸುತ್ತದೆ. ಕೇಂದ್ರದ 1971ರ ಸಾರ್ವಜನಿಕ ಆವರಣಗಳ ಕಾಯ್ದೆಯ 2ನೇ ಕಲಮಿನ ವ್ಯಾಖ್ಯೆಯಲ್ಲಿ ಇದು ನೇರವಾಗಿಯೇ ಇದೆ. ಕಾಮಗಾರಿಯ ವಿಸ್ತರಣೆ ಪತ್ರವನ್ನು ತೋರಿಸಿ ಜಮೀನಿನ ಅನುಮತಿಯನ್ನೂ ಅದರೊಡನೆ ಎಳೆದುಕೊಳ್ಳಲು ಆಗುವುದಿಲ್ಲ.

ಅನುಮತಿ ಕೈಗೆ ಬಂದ ದಿನವೇ ಮೋಜಣಿದಾರರ (ಸರ್ವೆಯರ್) ಸಮ್ಮುಖದಲ್ಲಿ ಜಂಟಿ ಅಳತೆ ಮಾಡಿಸಿ, ಮೂಲೆಗಳಿಗೆ ಕಲ್ಲು ನೆಡಿಸಿ, ಸ್ವಾಧೀನ ಪಡೆದ ಮಹಜರು ಬರೆಸಬೇಕು. ಆಗ ಜಾಗದಲ್ಲಿ ಎಷ್ಟು ಮರಗಳಿದ್ದವು, ಗುಂಡಿ ಎಲ್ಲಿತ್ತು, ಪಕ್ಕದಲ್ಲಿ ಯಾರ ಒತ್ತುವರಿ ಮೊದಲೇ ಇತ್ತು ಎಂಬುದನ್ನೆಲ್ಲ ಮಹಜರಿನಲ್ಲಿ ಕಾಣಿಸಬೇಕು. ದಿನಾಂಕ ಬೀಳುವ ಛಾಯಾಚಿತ್ರ ತೆಗೆದಿಡಿ. ಡಿಜಿಟಲ್ ಚಿತ್ರ ಮತ್ತು ವಾಟ್ಸ್‌ಆ್ಯಪ್ ಸಂದೇಶಗಳನ್ನು ನ್ಯಾಯಾಲಯದಲ್ಲಿ ಹಾಜರುಪಡಿಸಲು 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಬೇಕಾಗುವುದರಿಂದ, ಚಿತ್ರ ತೆಗೆದ ಫೋನನ್ನೂ ಮೂಲ ಕಡತವನ್ನೂ ಕಾಪಾಡಿಕೊಳ್ಳಬೇಕು. ಪ್ಲಾಂಟ್ ಹೂಡುವವರಿಗೆ ಮಾಲಿನ್ಯ ನಿಯಂತ್ರಣ ಮಂಡಳಿಯ ಸಮ್ಮತಿಯೂ ಬೇಕು. ಜಮೀನಿನ ಅನುಮತಿ ಅದರ ಬದಲಿಯಾಗುವುದಿಲ್ಲ.

ಮಣ್ಣು ಅಗೆಯುವ ಪ್ರಶ್ನೆ

ಜಾಗ ಬಳಸಲು ಅನುಮತಿ ಇದೆ ಎಂದ ಮಾತ್ರಕ್ಕೆ ಅಲ್ಲಿಯ ಮಣ್ಣು ಅಗೆಯಲು ಅನುಮತಿ ಇದೆ ಎಂದಾಗುವುದಿಲ್ಲ. ರಸ್ತೆ, ರೈಲು ಹಳಿ, ಏರಿ, ಕಟ್ಟಡಗಳ ಕೆಲಸದಲ್ಲಿ ತುಂಬಲು ಅಥವಾ ಮಟ್ಟ ಮಾಡಲು ಬಳಸುವ ಸಾಮಾನ್ಯ ಮಣ್ಣನ್ನು ಕೇಂದ್ರ ಸರ್ಕಾರ 2000ದ ಫೆಬ್ರುವರಿ 3ರ ಅಧಿಸೂಚನೆಯಿಂದ ಉಪಖನಿಜವೆಂದು ಘೋಷಿಸಿದೆ. ಹಾಗಾಗಿ ಗಣಿ ಮತ್ತು ಭೂವಿಜ್ಞಾನ ಇಲಾಖೆಯ ಪರವಾನಗಿ, ರಾಜಧನ (ರಾಯಲ್ಟಿ), ಸಾಗಣೆ ಪರವಾನಗಿ ಎಲ್ಲವೂ ಕರ್ನಾಟಕ ಉಪಖನಿಜ ರಿಯಾಯಿತಿ ನಿಯಮಗಳು, 1994ರಂತೆ ಬೇಕಾಗುತ್ತವೆ. ಬಿಲ್ಲಿನಲ್ಲಿ ಇಲಾಖೆ ರಾಜಧನ ಕಡಿತ ಮಾಡಿಕೊಂಡಿದೆ, ಆದ್ದರಿಂದ ಅಗೆತ ಸಕ್ರಮವಾಯಿತು ಎಂಬ ವಾದವನ್ನು ಗುತ್ತಿಗೆದಾರರು ಆಗಾಗ ಮುಂದಿಡುತ್ತಾರೆ. ಅದನ್ನು ನೆಚ್ಚಿಕೊಳ್ಳಬೇಡಿ, ರಾಜಧನ ಕೊಟ್ಟದ್ದು ಪರವಾನಗಿ ಪಡೆದದ್ದಕ್ಕೆ ಸಮವಲ್ಲ.

ಅಡಿಪಾಯಕ್ಕೆ ತೆಗೆದ ಮಣ್ಣನ್ನು ಅದೇ ಸೈಟಿನಲ್ಲಿ ಮಟ್ಟ ಮಾಡಲು ಹರಡಿದರೆ ಸ್ಥಿತಿ ಬೇರೆ. ಪುಣೆಯ ಕಟ್ಟಡ ನಿರ್ಮಾಪಕರ ಸಂಘದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರಲ್ಲಿ, ಅಗೆತವೆಲ್ಲವೂ ತಾನಾಗಿಯೇ ಆ ಅಧಿಸೂಚನೆಯ ವ್ಯಾಪ್ತಿಗೆ ಬರುವುದಿಲ್ಲ, ಮಣ್ಣನ್ನು ಯಾವ ಉದ್ದೇಶಕ್ಕೆ ಬಳಸಲಾಯಿತು ಎಂಬುದನ್ನು ಪರಿಶೀಲಿಸಬೇಕು ಎಂದಿತು. ಈ ರಕ್ಷಣೆ ಬೇಕೆಂದರೆ ಮಣ್ಣು ಎಷ್ಟು ಘನ ಮೀಟರ್ ಹೊರಬಂತು, ಎಷ್ಟು ಅಲ್ಲೇ ಉಳಿಯಿತು ಎಂಬುದು ಅಳತೆ ಪುಸ್ತಕದಲ್ಲಿ ದಾಖಲಾಗಿರಬೇಕು. ರಸ್ತೆಯಂತಹ ಉದ್ದುದ್ದ ಕಾಮಗಾರಿಗಳ ಮಣ್ಣಿಗೆ ಪರಿಸರ ಅನುಮತಿಯಿಂದ 2020ರ ಮಾರ್ಚ್‌ನಲ್ಲಿ ಕೊಟ್ಟಿದ್ದ ಸಾರಾಸಗಟು ವಿನಾಯಿತಿಯನ್ನು ಸುಪ್ರೀಂ ಕೋರ್ಟ್ 2024ರ ಮಾರ್ಚ್‌ನಲ್ಲಿ ರದ್ದುಪಡಿಸಿದೆ. ಹಳೆಯ ಕಾಮಗಾರಿಯಲ್ಲಿ ನಡೆದದ್ದನ್ನೇ ಹೊಸದರಲ್ಲೂ ನಡೆಸುತ್ತೇವೆ ಎನ್ನುವವರು ಇದನ್ನು ಗಮನಿಸಬೇಕು. ಪರವಾನಗಿಯಿಲ್ಲದ ಅಗೆತಕ್ಕೆ 1957ರ ಗಣಿ ಮತ್ತು ಖನಿಜ ಕಾಯ್ದೆಯ 21ನೇ ಕಲಮಿನಡಿ 5 ವರ್ಷದವರೆಗೆ ಜೈಲು ಶಿಕ್ಷೆಯಿದೆ. ಸರ್ಕಾರಿ ಜಮೀನಿನ ಮಣ್ಣು, ಮರಳು ಒಯ್ದದ್ದಕ್ಕೆ ಅದರ ಜೊತೆಗೆ ಕಳ್ಳತನದ ಮೊಕದ್ದಮೆಯನ್ನೂ ಹೂಡಬಹುದೆಂದು 2014ರ ಸಂಜಯ್ ಪ್ರಕರಣದಲ್ಲಿ ತೀರ್ಮಾನವಾಗಿದೆ.

ಸೈಟ್ ತಡವಾಗಿ ಸಿಕ್ಕಾಗ

ಈವರೆಗೆ ಹೇಳಿದ್ದು ಗುತ್ತಿಗೆದಾರ ಗೆರೆ ದಾಟುವ ಸಂದರ್ಭಗಳು. ಇದರ ವಿರುದ್ಧ ದಿಕ್ಕಿನ ವ್ಯಾಜ್ಯವೇ ಹಣದ ಲೆಕ್ಕದಲ್ಲಿ ದೊಡ್ಡದು. ಕಾರ್ಯಾದೇಶ ಕೊಟ್ಟ ಇಲಾಖೆ ಜಾಗವನ್ನು ಪೂರ್ತಿಯಾಗಿ ಬಿಟ್ಟುಕೊಡುವುದಿಲ್ಲ. ನಡುವೆ ಯಾರದೋ ತಡೆಯಾಜ್ಞೆ, ಅರಣ್ಯದ ತಕರಾರು, ಸ್ಥಳಾಂತರವಾಗದ ವಿದ್ಯುತ್ ಕಂಬ. ಯಂತ್ರಗಳು ನಿಂತಿರುತ್ತವೆ, ಸಂಬಳ ಮಾತ್ರ ನಡೆಯುತ್ತಿರುತ್ತದೆ.

ಇಲ್ಲಿ ನಿಮ್ಮನ್ನು ಗೆಲ್ಲಿಸುವ ಅಥವಾ ಸೋಲಿಸುವ ಕಲಂ ಒಂದೇ, ಭಾರತೀಯ ಕರಾರು ಕಾಯ್ದೆ, 1872ರ 55ನೇ ಕಲಂ. ನಿಗದಿತ ಕಾಲಕ್ಕೆ ಆಗಬೇಕಾದದ್ದು ಆಗದೆ, ಆಮೇಲೆ ತಡವಾಗಿ ಆದದ್ದನ್ನು ನೀವು ಒಪ್ಪಿಕೊಂಡರೆ, ಒಪ್ಪಿಕೊಳ್ಳುವ ಹೊತ್ತಿನಲ್ಲೇ ‘ಪರಿಹಾರ ಕೇಳುವ ಹಕ್ಕನ್ನು ಕಾಯ್ದಿರಿಸಿದ್ದೇನೆ’ ಎಂದು ನೋಟಿಸ್ ಕೊಡದ ಹೊರತು ಆ ವಿಳಂಬಕ್ಕೆ ಪರಿಹಾರ ಕೇಳುವಂತಿಲ್ಲ. ಉತ್ತರ ರೈಲ್ವೆ ಮತ್ತು ಸರ್ವೇಶ್ ಚೋಪ್ರಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2002ರಲ್ಲಿ ಈ ಕಲಮನ್ನು ಗುತ್ತಿಗೆ ಕಾಮಗಾರಿಗಳಿಗೆ ಅನ್ವಯಿಸಿ ವಿವರಿಸಿದೆ. ಜಮೀನು ತಡವಾಗಿ ಬಂದಾಗ ಮಾತಿಲ್ಲದೆ ಕೆಲಸ ಶುರು ಮಾಡಿ, ಅವಧಿ ವಿಸ್ತರಣೆ ಮಾತ್ರ ಕೇಳಿ, ಕೊನೆಯ ಬಿಲ್ಲಿನ ಹೊತ್ತಿಗೆ ನಷ್ಟದ ಪಟ್ಟಿ ಹಿಡಿದು ನಿಂತವರ ಹಾದಿ ಕಷ್ಟದ್ದು.

ಆದ್ದರಿಂದ ಜಾಗದ ಪ್ರತಿಯೊಂದು ತುಂಡು ಕೈಗೆ ಬಂದ ದಿನ ಒಂದು ಪತ್ರ ಹೋಗಲೇಬೇಕು (ಇದರಲ್ಲಿ ‘ಸರಪಳಿ 4+200’ ಎಂದರೆ ರಸ್ತೆಯ ಆರಂಭದಿಂದ 4 ಕಿ.ಮೀ. 200 ಮೀಟರ್ ದೂರದ ಜಾಗ): “ಕರಾರಿನಂತೆ ಇಂತಹ ದಿನಾಂಕಕ್ಕೆ ಬಿಟ್ಟುಕೊಡಬೇಕಿದ್ದ ಸರಪಳಿ 4+200ರಿಂದ 5+100ರವರೆಗಿನ ಜಾಗವನ್ನು ಈ ದಿನ ಸ್ವೀಕರಿಸಿರುತ್ತೇವೆ. ಈ ಸ್ವೀಕಾರವು ಕಾಮಗಾರಿಯ ಹಿತದೃಷ್ಟಿಯಿಂದ ಮಾತ್ರವಾಗಿದ್ದು, ವಿಳಂಬದಿಂದ ಉಂಟಾದ ಯಂತ್ರೋಪಕರಣಗಳ ನಿಷ್ಕ್ರಿಯ ವೆಚ್ಚ, ಮೇಲ್ವೆಚ್ಚ ಮತ್ತು ದರ ವ್ಯತ್ಯಾಸದ ಪರಿಹಾರವನ್ನು ಕೋರುವ ನಮ್ಮ ಹಕ್ಕನ್ನು ಕರಾರು ಕಾಯ್ದೆಯ 55ನೇ ಕಲಮಿನಂತೆ ಕಾಯ್ದಿರಿಸಿರುತ್ತೇವೆ.” ಪತ್ರಕ್ಕೆ ಆವಕ ಸಂಖ್ಯೆ ಮತ್ತು ಮೊಹರು ಬೀಳಿಸಿಕೊಳ್ಳಿ. ಕಚೇರಿಯವರು ಹಾಕಿಕೊಡದಿದ್ದರೆ ಅದೇ ದಿನ ಸ್ವೀಕೃತಿ ಸಹಿತ ಸ್ಪೀಡ್ ಪೋಸ್ಟಿನಲ್ಲೂ ಇ-ಮೇಲಿನಲ್ಲೂ ಕಳಿಸಿ. ಅವಧಿ ವಿಸ್ತರಣೆಯ ನಮೂನೆಯಲ್ಲಿ ‘ಹೆಚ್ಚುವರಿ ಮೊತ್ತ ಕೇಳುವುದಿಲ್ಲ’ ಎಂಬ ಮುಚ್ಚಳಿಕೆ ಅಚ್ಚಾಗಿರುವುದುಂಟು. ಸಹಿ ಹಾಕುವ ಮುನ್ನ ಅದನ್ನು ಓದಬೇಕು, ಒಪ್ಪಿಗೆಯಿಲ್ಲದಿದ್ದರೆ ಆಕ್ಷೇಪಣೆಯನ್ನು ಅದೇ ಹಾಳೆಯಲ್ಲಿ ಕೈಬರಹದಲ್ಲಾದರೂ ದಾಖಲಿಸಬೇಕು. ಕರಾರಿನಲ್ಲೇ ವಿಳಂಬಕ್ಕೆ ಪರಿಹಾರವಿಲ್ಲ ಎಂಬ ಷರತ್ತು ಇದ್ದರೆ, ಟೆಂಡರ್ ಹಾಕುವ ಮುನ್ನವೇ ವಕೀಲರಿಗೆ ತೋರಿಸಿ ದರದಲ್ಲಿ ಅದರ ಲೆಕ್ಕ ಹಿಡಿಯುವುದು ಜಾಣತನ.

ನೋಟಿಸ್ ಬಂದಾಗ

ತಹಶೀಲ್ದಾರರ ಕಚೇರಿಯಿಂದ ನೋಟಿಸ್ ಬಂದರೆ ಮೊದಲು ನೋಡಬೇಕಾದದ್ದು ಅದು ಯಾವ ಕಾಯ್ದೆಯ ಯಾವ ಕಲಮಿನಡಿ ಬಂದಿದೆ, ಸಹಿ ಯಾರದು, ಉತ್ತರಕ್ಕೆ ಎಷ್ಟು ದಿನ ಕೊಟ್ಟಿದೆ ಎಂಬುದನ್ನು. ಭೂ ಕಂದಾಯ ಕಾಯ್ದೆಯ 94ನೇ ಕಲಮಿನಡಿ ಅನಧಿಕೃತ ಅಧಿಭೋಗಕ್ಕೆ ಎರಡು ಪಟ್ಟು ಕಂದಾಯ, ದಂಡ ಮತ್ತು ತೆರವಿಗೆ ಅವಕಾಶವಿದೆ. 104ನೇ ಕಲಮಿನಡಿ ಸಂಕ್ಷಿಪ್ತ ವಿಚಾರಣೆಯಿಂದ ಹೊರಹಾಕಬಹುದು. 192ಎ ಕಲಂ ಕ್ರಿಮಿನಲ್ ಸ್ವರೂಪದ್ದು. ಸರ್ಕಾರಿ ಕಟ್ಟಡ, ನಿಗಮಗಳ ಆವರಣಗಳಾದರೆ 1974ರ ಕರ್ನಾಟಕ ಸಾರ್ವಜನಿಕ ಆವರಣಗಳ ಕಾಯ್ದೆ ಅನ್ವಯಿಸುತ್ತದೆ. ರೈಲ್ವೆಯಂತಹ ಕೇಂದ್ರದ ಜಾಗಗಳಿಗೆ 1971ರ ಕಾಯ್ದೆ. ಇದರಲ್ಲಿ ತೆರವು ಆದೇಶದ ಮೇಲೆ ಜಿಲ್ಲಾ ನ್ಯಾಯಾಧೀಶರಿಗೆ ಮೇಲ್ಮನವಿ ಸಲ್ಲಿಸಲು ಇರುವುದು ಕೇವಲ 12 ದಿನ. ರಾಷ್ಟ್ರೀಯ ಹೆದ್ದಾರಿಯ ಜಾಗಕ್ಕೆ 2002ರ ಹೆದ್ದಾರಿ ಭೂಮಿ ಮತ್ತು ಸಂಚಾರ ನಿಯಂತ್ರಣ ಕಾಯ್ದೆ ಪ್ರತ್ಯೇಕವಾಗಿದೆ.

ಎಲ್ಲಕ್ಕಿಂತ ಗಂಭೀರವಾದದ್ದು ಕರ್ನಾಟಕ ಭೂ ಕಬಳಿಕೆ ನಿಷೇಧ ಕಾಯ್ದೆ, 2011. ಅದರ ಪ್ರಕರಣಗಳಿಗೆಂದೇ ಬೆಂಗಳೂರಿನಲ್ಲಿ ವಿಶೇಷ ನ್ಯಾಯಾಲಯವಿದೆ. ಅಪರಾಧ ಸಾಬೀತಾದರೆ ಒಂದರಿಂದ ಮೂರು ವರ್ಷದವರೆಗೆ ಜೈಲು. ಕಬಳಿಕೆ ಎನ್ನಿಸಿಕೊಳ್ಳಲು ಕಾನೂನುಬದ್ಧ ಹಕ್ಕಿಲ್ಲದಿರುವುದರ ಜೊತೆಗೆ ಅಕ್ರಮವಾಗಿ ಸ್ವಾಧೀನಕ್ಕೆ ತೆಗೆದುಕೊಳ್ಳುವ ಉದ್ದೇಶವೂ ಇರಬೇಕು. ಮೇಲೆ ಹೇಳಿದ ಅನುಮತಿ ಪತ್ರ ಮತ್ತು ಮಹಜರು ಈ ಆರೋಪಕ್ಕೆ ನೇರ ಉತ್ತರ. ಅವಿಲ್ಲದವರು ಕನಿಷ್ಠ ಕೆಲಸ ಕೊಟ್ಟ ಇಲಾಖೆಯೊಡನೆ ನಡೆದ ಪತ್ರ ವ್ಯವಹಾರವನ್ನಾದರೂ ಮುಂದಿಟ್ಟು, ತಾವಿದ್ದದ್ದು ಕಾಮಗಾರಿಯ ಸಲುವಾಗಿ, ತಾತ್ಕಾಲಿಕವಾಗಿ ಎಂದು ತೋರಿಸಬೇಕಾಗುತ್ತದೆ.

ನೋಟಿಸಿಗೆ ಉತ್ತರ ಕೊಡದೆ ಎಂಜಿನಿಯರರ ಹಿಂದೆ ಓಡಾಡುವುದು ಸಾಮಾನ್ಯವಾಗಿ ಕಾಣುವ ನಡವಳಿಕೆ. ಎಂಜಿನಿಯರರು ‘ನಾನು ಮಾತಾಡುತ್ತೇನೆ’ ಎನ್ನುವಷ್ಟರಲ್ಲಿ ಗಡುವು ಮೀರುತ್ತದೆ. ಉತ್ತರವನ್ನು ಅವಧಿಯೊಳಗೆ ಕೊಡಿ. ಅದರಲ್ಲಿ ಅನುಮತಿಯ ಪ್ರತಿ ಲಗತ್ತಿಸಿ, ಗಡಿಯ ಬಗ್ಗೆ ತಕರಾರಿದ್ದರೆ ಜಂಟಿ ಸರ್ವೆ ಕೋರಿ, ಕೆಲಸ ಕೊಟ್ಟ ಇಲಾಖೆಯನ್ನೂ ಕರೆಸಿ ವಿಚಾರಿಸುವಂತೆ ಕೇಳಿ, ಅದರ ಪ್ರತಿಯನ್ನು ಕಾರ್ಯಪಾಲಕ ಎಂಜಿನಿಯರರಿಗೂ ಕಳಿಸಿ. ಸ್ಥಳ ಪರಿಶೀಲನೆಗೆ ಬಂದವರು ಬರೆಯುವ ಪಂಚನಾಮೆಗೆ ಖಾಲಿ ಜಾಗ ಬಿಟ್ಟು ಸಹಿ ಹಾಕಬಾರದು. ವಿಸ್ತೀರ್ಣ ತಪ್ಪಾಗಿದ್ದರೆ ಸಹಿಯ ಮೇಲೆಯೇ ಆಕ್ಷೇಪಣೆ ಬರೆಯಬೇಕು. ಹಾಗೆಂದು ಸರ್ಕಾರಕ್ಕೆ ಜಮೀನು ಸೇರಿದೆ ಎಂಬುದನ್ನೇ ಅಲ್ಲಗಳೆಯುವ ಉತ್ತರ ಕೊಡುವುದು ತಪ್ಪು ತಂತ್ರ. ಅದರಿಂದ ಪರವಾನಗಿದಾರನಾಗಿ ನಿಮಗಿರುವ ಅಲ್ಪ ಹಕ್ಕೂ ಹೋಗುತ್ತದೆ, ಕಬಳಿಕೆಯ ಉದ್ದೇಶಕ್ಕೆ ನೀವೇ ಸಾಕ್ಷಿ ಒದಗಿಸಿದಂತಾಗುತ್ತದೆ. ‘ಇಷ್ಟು ವರ್ಷದಿಂದ ಇದ್ದೇನೆ’ ಎಂಬ ವಾದವೂ ನಿಲ್ಲದು. ಸರ್ಕಾರ ತನ್ನ ದಾವೆ ಹೂಡಲು 1963ರ ಕಾಲಮಿತಿ ಕಾಯ್ದೆಯ 112ನೇ ಅನುಚ್ಛೇದ 30 ವರ್ಷ ಕೊಟ್ಟಿದೆ.

ನೋಟಿಸನ್ನೇ ಕೊಡದೆ ಜೆಸಿಬಿ ತಂದು ಶೆಡ್ ಕೆಡವಲು ಹೊರಟರೆ? ಜಮೀನು ಸರ್ಕಾರದ್ದೇ ಆದರೂ ಸರ್ಕಾರ ಬಲಪ್ರಯೋಗದಿಂದ ಸ್ವಾಧೀನ ಪಡೆಯುವಂತಿಲ್ಲ, ಕಾನೂನಿನ ಕ್ರಮದಿಂದಲೇ ಪಡೆಯಬೇಕು ಎಂಬುದನ್ನು ಸುಪ್ರೀಂ ಕೋರ್ಟ್ ಮಹಾರಾಜ ಧರ್ಮಂದರ್ ಪ್ರಸಾದ್ ಸಿಂಗ್ ಪ್ರಕರಣದಲ್ಲಿ, ಗೇಣಿದಾರರ ಸಂದರ್ಭದಲ್ಲಿ, 1989ರಲ್ಲಿ ಹೇಳಿದೆ. ಇದಕ್ಕೆ ಸೂಕ್ತ ದಾರಿ ಹೈಕೋರ್ಟಿನಲ್ಲಿ ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ. ಸ್ವಾಧೀನ ತಪ್ಪಿದವರು ಆರು ತಿಂಗಳೊಳಗೆ ಹೂಡುವ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನ ದಾವೆ ಸರ್ಕಾರದ ವಿರುದ್ಧ ನಡೆಯುವುದಿಲ್ಲ. ಅದೇ ಕಲಮಿನಲ್ಲಿ ಸರ್ಕಾರವನ್ನು ಹೊರಗಿಡಲಾಗಿದೆ. ಸಿವಿಲ್ ದಾವೆಗೆ ಹೋಗುವುದಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನಂತೆ ಎರಡು ತಿಂಗಳ ಮುಂಚಿತ ನೋಟಿಸ್ ಬೇಕು, ತುರ್ತಿದ್ದರೆ ನ್ಯಾಯಾಲಯದ ಅನುಮತಿ ಪಡೆದು ನೋಟಿಸಿಲ್ಲದೆಯೂ ಹೂಡಬಹುದು.

ಯಾವ ವೇದಿಕೆ

ತೆರವು ಆದೇಶವನ್ನು ಪ್ರಶ್ನಿಸಲು ಕರಾರಿನ ಮಧ್ಯಸ್ಥಿಕೆ (ಆರ್ಬಿಟ್ರೇಷನ್) ಷರತ್ತನ್ನು ಬಳಸಲಾಗದು. ವಿಶೇಷ ಶಾಸನದ ಅಧಿಕಾರಿಗೆ ಒಪ್ಪಿಸಿದ ತೆರವಿನಂತಹ ವಿಷಯಗಳು ಮಧ್ಯಸ್ಥಿಕೆಗೆ ಯೋಗ್ಯವಲ್ಲ ಎಂಬುದು 2011ರ ಬೂಜ್ ಅಲೆನ್ ಮತ್ತು 2020ರ ವಿದ್ಯಾ ಡ್ರೋಲಿಯಾ ತೀರ್ಪುಗಳಿಂದ ಸ್ಪಷ್ಟವಾಗಿದೆ. ಅದಕ್ಕಿರುವುದು ಶಾಸನದ ಮೇಲ್ಮನವಿಯೇ: ತಹಶೀಲ್ದಾರರ ಆದೇಶವಾದರೆ ಉಪವಿಭಾಗಾಧಿಕಾರಿ, ಜಿಲ್ಲಾಧಿಕಾರಿಯ ಆದೇಶವಾದರೆ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿ.

ಸೈಟ್ ತಡವಾದುದರ ನಷ್ಟ, ಬಿಲ್ಲಿನಲ್ಲಿ ಮಾಡಿದ ಕಡಿತ, ಇಲಾಖೆಯಲ್ಲಿಟ್ಟ ಭದ್ರತಾ ಠೇವಣಿ ಇವು ಕರಾರಿನ ವಿಷಯಗಳು. ಇವಕ್ಕೆ ಮಧ್ಯಸ್ಥಿಕೆ ಷರತ್ತು ನಿಜವಾಗಿ ಇದೆಯೇ ಎಂದು ನೋಡಬೇಕು. ‘ಅಧೀಕ್ಷಕ ಎಂಜಿನಿಯರರ ತೀರ್ಮಾನವೇ ಅಂತಿಮ’ ಎಂಬ ಸಾಲು ಮಧ್ಯಸ್ಥಿಕೆ ಒಪ್ಪಂದವಲ್ಲ. 1996ರ ದಾಮೋದರ್ ದಾಸ್ ಪ್ರಕರಣದಲ್ಲಿ ಅಂಥದ್ದೇ ಷರತ್ತನ್ನು ಸುಪ್ರೀಂ ಕೋರ್ಟ್ ತಳ್ಳಿಹಾಕಿತು. ಕೇಂದ್ರದ ಹಣಕಾಸು ಸಚಿವಾಲಯವೂ 2024ರ ಜೂನ್‌ನಲ್ಲಿ, ಸರ್ಕಾರಿ ಗುತ್ತಿಗೆಗಳಲ್ಲಿ ಮಧ್ಯಸ್ಥಿಕೆಯನ್ನು 10 ಕೋಟಿ ರೂಪಾಯಿಗಿಂತ ಕಡಿಮೆ ಮೌಲ್ಯದ ವ್ಯಾಜ್ಯಗಳಿಗೆ ಸೀಮಿತಗೊಳಿಸುವಂತೆ ಸೂಚಿಸಿದೆ. ಷರತ್ತಿದ್ದರೆ 1996ರ ಮಧ್ಯಸ್ಥಿಕೆ ಕಾಯ್ದೆಯ 21ನೇ ಕಲಮಿನ ನೋಟಿಸ್ ಎದುರು ಪಕ್ಷದ ಕೈಸೇರಿದ ದಿನ ಪ್ರಕ್ರಿಯೆ ಆರಂಭವಾಗುತ್ತದೆ. ಅದಕ್ಕೂ ಮೊದಲೇ 9ನೇ ಕಲಮಿನಡಿ ಮಧ್ಯಂತರ ಆದೇಶ ಪಡೆದಿದ್ದರೆ ಆದೇಶದ ದಿನದಿಂದ 90 ದಿನಗಳೊಳಗೆ ಪ್ರಕ್ರಿಯೆ ಶುರುವಾಗಬೇಕು. ಷರತ್ತಿಲ್ಲದಿದ್ದರೆ 3 ಲಕ್ಷ ರೂಪಾಯಿಗೆ ಕಡಿಮೆಯಿಲ್ಲದ ನಿರ್ಮಾಣ ವ್ಯಾಜ್ಯಗಳು ವಾಣಿಜ್ಯ ನ್ಯಾಯಾಲಯಕ್ಕೆ ಹೋಗುತ್ತವೆ, ತುರ್ತು ಪರಿಹಾರ ಕೇಳದ ಹೊರತು ಅಲ್ಲಿ ಮೊದಲು ಸಂಧಾನ (ಮೀಡಿಯೇಷನ್) ಕಡ್ಡಾಯ.

ಜಮೀನು ಹಾಳು ಮಾಡಿದಿರಿ, ಹೆಚ್ಚು ಜಾಗ ಬಳಸಿದಿರಿ ಎಂದು ಇಲಾಖೆ ತಾನೇ ಒಂದು ಮೊತ್ತ ನಿಗದಿಪಡಿಸಿ ವಸೂಲಿಗೆ ಹೊರಟರೆ, ಕರ್ನಾಟಕದಿಂದಲೇ ಹೋದ ರಾಮೇಶ್ವರ ರೈಸ್ ಮಿಲ್ಸ್ ತೀರ್ಪನ್ನು ವಕೀಲರಿಗೆ ನೆನಪಿಸಿ. ಷರತ್ತು ಮುರಿದದ್ದೇ ವಿವಾದವಾಗಿರುವಾಗ, ಕರಾರಿನ ಒಂದು ಪಕ್ಷವಾದ ಸರ್ಕಾರವೇ ಮುರಿದದ್ದು ನಿಜವೆಂದು ತೀರ್ಮಾನಿಸಿ ನಷ್ಟ ಕಟ್ಟುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1987ರಲ್ಲಿ ಹೇಳಿದೆ. ಇದು ಶಾಸನದ ವಿಚಾರಣೆ ನಡೆಸಿ ವಿಧಿಸಿದ ದಂಡಕ್ಕೆ ಅನ್ವಯಿಸುವುದಿಲ್ಲ ಎಂಬುದನ್ನೂ ಗಮನದಲ್ಲಿಡಬೇಕು.

ಬಿಟ್ಟುಕೊಡುವ ದಿನ

ಕೆಲಸ ಮುಗಿದ ಮೇಲೆ ಜಮೀನನ್ನು ಹಾಗೇ ಬಿಟ್ಟು ಹೋಗುವುದು ಹೊಸ ವ್ಯಾಜ್ಯಕ್ಕೆ ಬಾಗಿಲು ತೆರೆದಂತೆ. ಕಟ್ಟಡ ಮತ್ತು ಇತರ ನಿರ್ಮಾಣ ಕಾರ್ಮಿಕರ ಕಾಯ್ದೆ, 1996ರ 34ನೇ ಕಲಂ ಕಾರ್ಮಿಕರಿಗೆ ತಾತ್ಕಾಲಿಕ ವಸತಿ ಒದಗಿಸುವ ಹೊಣೆಯನ್ನು ಉದ್ಯೋಗದಾತರ ಮೇಲೆ ಹೊರಿಸಿ, ಅದಕ್ಕಾಗಿ ಸ್ಥಳೀಯ ಸಂಸ್ಥೆಯಿಂದ ಪಡೆದ ಜಮೀನನ್ನು ಕೆಲಸ ಮುಗಿದ ಕೂಡಲೇ, ಪಡೆದಾಗ ಇದ್ದ ಸ್ಥಿತಿಯಲ್ಲಿಯೇ ಹಿಂದಿರುಗಿಸಬೇಕೆಂದು ಹೇಳುತ್ತಿತ್ತು. ಈಗ ಕಾರ್ಮಿಕ ಸಂಹಿತೆಗಳ ಕಾಲವಾದರೂ ಅನುಮತಿ ಪತ್ರಗಳಲ್ಲಿ ಇದೇ ಷರತ್ತು ಮುಂದುವರಿಯುತ್ತದೆ. ‘ಪಡೆದಾಗ ಇದ್ದ ಸ್ಥಿತಿ’ ಯಾವುದೆಂದು ತೋರಿಸಲು ಮೊದಲ ದಿನದ ಮಹಜರು ಮತ್ತು ಚಿತ್ರಗಳ ಹೊರತು ಬೇರೆ ದಾರಿಯಿಲ್ಲ. ಕಾಂಕ್ರೀಟ್ ಅಡಿಪಾಯ ಒಡೆದು ತೆಗೆಯುವುದು, ಗುಂಡಿ ಮುಚ್ಚುವುದು, ಡಾಂಬರು ಚೆಲ್ಲಿದ ಮೇಲ್ಮಣ್ಣು ಸಾಗಿಸುವುದು ಇವೆಲ್ಲ ಕಾಮಗಾರಿಯ ವೆಚ್ಚದಲ್ಲೇ ಬರುವಂಥವು. ಅವಶೇಷವನ್ನು ಪಕ್ಕದ ಕೆರೆಗೋ ರಾಜಕಾಲುವೆಗೋ ತಳ್ಳಿದರೆ ಇನ್ನೊಂದು ಇಲಾಖೆಯ ನೋಟಿಸಿಗೆ ಸಿದ್ಧರಾಗಬೇಕಾಗುತ್ತದೆ.

ತೆರವಾದ ಮೇಲೆ ಜಂಟಿ ಪರಿಶೀಲನೆಗೆ ದಿನಾಂಕ ಕೋರಿ ಪತ್ರ ಬರೆಯಿರಿ. ಹದಿನೈದು ದಿನ ಕಾದರೂ ಯಾರೂ ಬಾರದಿದ್ದರೆ ಸ್ಥಳದ ಚಿತ್ರಗಳೊಡನೆ ‘ಈ ದಿನ ಜಾಗ ತೆರವುಗೊಳಿಸಿ ಸ್ವಾಧೀನ ಬಿಟ್ಟಿದ್ದೇವೆ’ ಎಂಬ ಎರಡನೆಯ ಪತ್ರವನ್ನು ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ. ನಿಮ್ಮ ನಂತರ ಬೇರೆ ಯಾರಾದರೂ ಅಲ್ಲಿ ಬಂದು ಕುಳಿತರೆ ಅದು ನಿಮ್ಮ ಲೆಕ್ಕಕ್ಕೆ ಬಾರದಂತೆ ತಡೆಯುವುದು ಈ ಪತ್ರವೇ. ಕಡತದಲ್ಲಿ ಏನಿದೆ ಎಂಬ ಸಂಶಯವಿದ್ದರೆ 2005ರ ಮಾಹಿತಿ ಹಕ್ಕು ಕಾಯ್ದೆಯಡಿ ಪ್ರತಿ ಕೇಳಿ. 30 ದಿನಗಳಲ್ಲಿ ಉತ್ತರ ಬರಬೇಕು. ಹಣದ ದಾವೆಗಳಿಗೆ ಸಾಮಾನ್ಯವಾಗಿ ಮೂರು ವರ್ಷಗಳ ಕಾಲಮಿತಿ ಇದೆ. ಠೇವಣಿಗಾಗಿ ಬರೆಯುತ್ತಲೇ ಇರುವ ನೆನಪೋಲೆಗಳು ಆ ಮಿತಿಯನ್ನು ಮುಂದೂಡುವುದಿಲ್ಲ. ಇಲಾಖೆಯವರು ಬಾಕಿಯನ್ನು ಲಿಖಿತವಾಗಿ, ಸಹಿ ಮಾಡಿ, ಅವಧಿ ಮುಗಿಯುವ ಮುನ್ನ ಒಪ್ಪಿಕೊಂಡರೆ ಮಾತ್ರ ಹೊಸ ಎಣಿಕೆ ಆರಂಭವಾಗುತ್ತದೆ.